ಹೋರಾಟದ ಹಾಡುಗಳಿಗೆ ಗಿಟಾರು ಹಿಡಿದವರಿಗೆ ಒಂದು ಬಹಿರಂಗ ಪತ್ರ

ಇವರಿಗೆ,
ಹೋರಾಟದ ಹಾಡುಗಳನ್ನು ರಾಕ್ ಶೈಲಿಗೆ ತಂದು ಆಲ್ಬಂ ಮಾಡುತ್ತಿರುವ ಮೈಸೂರು, ಮಂಡ್ಯ ಜಿಲ್ಲೆಗಳ ತಂಡಗಳ ಗಾಯಕರು, ವಾದಕರು, ಸೌಂಡ್ ಇಂಜಿನಿಯರುಗಳು ಮತ್ತು ಪ್ರಕಾಶಕರಿಗೆ

ವಿಷಯ: ಕವಿಯ ಹೆಸರು, ಹಾಡಿನ ಮಾತು, ಹಿಮ್ಮೇಳದ ಜಾಗ ಉಳಿಸಿಕೊಳ್ಳುವಂತೆ ಕೋರಿಕೆ

ಮಾನ್ಯರೇ,

ಎಪ್ಪತ್ತರ ದಶಕದಿಂದ ಈಚೆಗೆ ದಲಿತ ಸಂಘರ್ಷ ಸಮಿತಿಯ ಜಾಥಾಗಳಲ್ಲಿ, ‘ಸಮುದಾಯ’ ರಂಗತಂಡದ ಬೀದಿನಾಟಕಗಳಲ್ಲಿ, ರೈತಸಂಘದ ಸಭೆಗಳಲ್ಲಿ, ಕಾವೇರಿ ನೀರಿಗಾಗಿ ಮಂಡ್ಯದ ಸಂಜಯ ವೃತ್ತದಲ್ಲಿ ಹೆದ್ದಾರಿ ತಡೆದು ಕೂತವರ ನಡುವೆ ಹಾಡಿಕೊಂಡು ಬಂದ ಹಾಡುಗಳನ್ನು ನೀವೀಗ ಎಲೆಕ್ಟ್ರಿಕ್ ಗಿಟಾರು, ಬೇಸು, ಡ್ರಮ್ಸಿಗೆ ಹೊಂದಿಸುತ್ತಿದ್ದೀರಿ. ಈ ಪತ್ರ ಬರೆಯುತ್ತಿರುವ ನಾವು ಅದೇ ಹಾಡುಗಳಿಗೆ ಹಿಮ್ಮೇಳ ಹೇಳುವವರು, ತಮಟೆ ಬಾರಿಸುವವರು, ಧ್ವನಿಮುದ್ರಣದ ಕೋಣೆಯಲ್ಲಿ ಕೂತು ಕೆಲಸ ಮಾಡುವವರು. ನಿಮ್ಮ ಕೆಲಸ ನಿಲ್ಲಬೇಕೆಂದು ನಾವು ಹೇಳುತ್ತಿಲ್ಲ. ಕಾಯಿಸಿದ ತಮಟೆ ಹತ್ತು ಒಟ್ಟಿಗೆ ಎದ್ದಾಗ ಎದೆಗೆ ತಾಕುವ ಸದ್ದು ಗೊತ್ತಿರುವವರಿಗೆ ಆಂಪ್ಲಿಫಯರ್ ಜೋರಾಯಿತೆಂಬ ದೂರು ಇರಲಾರದು.

ನಮ್ಮ ದೂರು ಇದು. ಈಚೆಗೆ ಕೇಳಲು ಸಿಗುತ್ತಿರುವ ಹಲವು ಮುದ್ರಣಗಳಲ್ಲಿ, ಬರೆದವರು ಯಾರೆಂದು ಊರಿಗೆಲ್ಲ ಗೊತ್ತಿರುವ ಹಾಡಿನ ಕೆಳಗೆ ‘ಸಾಹಿತ್ಯ: ಜನಪದ’ ಎಂದಿರುತ್ತದೆ. ಐದು ನುಡಿಯ ಹಾಡಿನಲ್ಲಿ ಎರಡೇ ಉಳಿದಿರುತ್ತವೆ, ಬಿಟ್ಟವು ಬಹುಪಾಲು ಜಾತಿಯನ್ನೋ ಜಮೀನನ್ನೋ ಹೆಸರಿಟ್ಟು ಹೇಳುವ ನುಡಿಗಳೇ ಆಗಿರುತ್ತವೆ. ಸೊಲ್ಲು ಎತ್ತಿದ ಮೇಲೆ ಜನ ತಿರುಗಿ ಹೇಳಬೇಕಾದ ಜಾಗದಲ್ಲಿ ಗಿಟಾರಿನ ಸೋಲೋ ಬಂದು ಕೂತಿರುತ್ತದೆ. ಇದೆಲ್ಲ ಕೆಟ್ಟ ಮನಸ್ಸಿನಿಂದ ಆಗಿದೆ ಎಂದು ನಾವು ನಂಬುವುದಿಲ್ಲ. ‘ಕವರ್’ (ಬೇರೆಯವರ ಹಾಡನ್ನು ತಮ್ಮ ರೀತಿಯಲ್ಲಿ ಮತ್ತೆ ಹಾಡುವುದು) ಎಂಬ ಮಾತನ್ನು ಇಲ್ಲಿಗೆ ತರುವಾಗ ಒಂದು ವ್ಯತ್ಯಾಸ ಕಣ್ತಪ್ಪಿಹೋಗಿದೆ. ಅದನ್ನು ಸ್ವಲ್ಪ ಬಿಡಿಸಿ ಹೇಳಬೇಕು.

ನಿಮ್ಮಲ್ಲಿ ಹಲವರು ಮಾದರಿಯಾಗಿ ಇಟ್ಟುಕೊಂಡಿರುವ ಆಲ್ಬಂ ಅಮೆರಿಕದ ಎ ಪರ್ಫೆಕ್ಟ್ ಸರ್ಕಲ್ ತಂಡದ ‘ಇಮೋಟಿವ್’. 2004ರ ನವೆಂಬರ್ 2ರಂದು, ಅಲ್ಲಿನ ಅಧ್ಯಕ್ಷೀಯ ಚುನಾವಣೆಯ ದಿನವೇ ಅದು ಹೊರಬಂತು. ಹನ್ನೆರಡು ಹಾಡುಗಳಲ್ಲಿ ಹತ್ತು ಬೇರೆಯವರವು. ಜಾನ್ ಲೆನನ್ನರ ‘ಇಮ್ಯಾಜಿನ್’ ಹಾಡನ್ನು ಮೇಜರ್‌ನಿಂದ ಮೈನರ್‌ಗೆ ಇಳಿಸಿದರು. ಮಾತು ಅದೇ ಇದ್ದರೂ ಆಸೆಯ ಹಾಡು ಶೋಕದ ಹಾಡಾಯಿತು. ಜೋನಿ ಮಿಚೆಲ್ ವಾದ್ಯವಿಲ್ಲದೆ ಹಾಡಿದ್ದ ಯುದ್ಧವಿರೋಧಿ ಹಾಡನ್ನು ಗಿಟಾರು, ಡ್ರಮ್ಸು ಎಲ್ಲ ಕೈಯಲ್ಲಿದ್ದ ಈ ತಂಡವೂ ಬರೀ ಕೊರಳಿನಲ್ಲೇ ಹಾಡಿತು. ಇಂಥ ಬದಲಾವಣೆಗೆ ಅರ್ಥ ಬರುವುದು ಕೇಳುವವನ ಕಿವಿಯಲ್ಲಿ ಮೂಲ ಮೊದಲೇ ಇದ್ದಾಗ. ಲೆನನ್ನರ ದನಿಯಲ್ಲಿ ಆ ಹಾಡು 1971ರಿಂದಲೂ ಎಲ್ಲರ ಮನೆಯಲ್ಲಿತ್ತು. ಹೊಸದನ್ನು ಕೇಳುವವನು ಹಳೆಯದನ್ನು ಪಕ್ಕದಲ್ಲಿಟ್ಟುಕೊಂಡೇ ಕೇಳುತ್ತಾನೆ, ಬದಲಾದದ್ದೇನು ಎಂದು ಅವನಿಗೆ ತಾನಾಗಿ ತಿಳಿಯುತ್ತದೆ.

ನಮ್ಮ ಹಾಡುಗಳಿಗೆ ಹಾಗೆ ಪಕ್ಕದಲ್ಲಿಡಲು ಏನಿದೆ? ಹದಿನಾರು ಪುಟದ ಹಾಡಿನ ಪುಸ್ತಿಕೆ, ಸವೆದ ಕ್ಯಾಸೆಟ್ಟು, ಯಾರೋ ಫೋನಿನಲ್ಲಿ ಹಿಡಿದ ಎರಡು ನಿಮಿಷದ ವಿಡಿಯೊ, ಉಳಿದಂತೆ ಬಾಯಿಂದ ಬಾಯಿಗೆ ಬಂದದ್ದು. ಈಗ ಹದಿನೆಂಟು ವರ್ಷದವರು ಈ ಹಾಡನ್ನು ಹುಡುಕಿದರೆ ಮೊದಲು ಸಿಗುವುದು ನಿಮ್ಮ ಮುದ್ರಣವೇ. ಅವರ ಪಾಲಿಗೆ ನೀವು ಕೊಟ್ಟದ್ದೇ ಮೂಲ. ನೀವು ಬಿಟ್ಟ ನುಡಿ ಹಾಡಿನಲ್ಲಿ ಇರಲೇ ಇಲ್ಲ ಎಂದಾಗುತ್ತದೆ, ನೀವು ಬರೆಯದ ಹೆಸರು ಯಾರಿಗೂ ಸಿಗುವುದಿಲ್ಲ. ಪತ್ರದ ಉಳಿದ ಮಾತೆಲ್ಲ ಇದರಿಂದಲೇ ಹುಟ್ಟಿದ್ದು.

ಮೊದಲು ಹೆಸರಿನ ವಿಷಯ. ಸಿದ್ದಲಿಂಗಯ್ಯನವರ ‘ಹೊಲೆಮಾದಿಗರ ಹಾಡು’ 1975ರಲ್ಲಿ ಪುಸ್ತಕವಾಗಿ ಬಂದಿದೆ. ಅದರ ಹಾಡುಗಳನ್ನು ಜನಪದವೆನ್ನಲು ಯಾವ ಕಾರಣವೂ ಇಲ್ಲ. ಹಾಡು ಜನರ ಬಾಯಿಗೆ ಹೋದದ್ದು ಕವಿಯ ಗೆಲುವು. ಆ ಗೆಲುವನ್ನೇ ಕಾರಣವಾಗಿಸಿ ಹೆಸರು ಅಳಿಸುವುದು, ಅದರಲ್ಲೂ ಹೆಸರು ಹೇಳಲೂ ಬಿಡದ ವ್ಯವಸ್ಥೆಯ ವಿರುದ್ಧ ಬರೆದವರ ಹೆಸರನ್ನು ಅಳಿಸುವುದು, ನಮಗೆ ತುಂಬ ನೋವಿನ ಸಂಗತಿ. ಕಾಯ್ದೆಯ ಲೆಕ್ಕವೂ ಸ್ಪಷ್ಟವಾಗಿದೆ. 1957ರ ಕೃತಿಸ್ವಾಮ್ಯ ಕಾಯ್ದೆಯಂತೆ ಬರೆದವರು ತೀರಿಕೊಂಡ ಮರುವರ್ಷದ ಆರಂಭದಿಂದ ಅರವತ್ತು ವರ್ಷ ಹಕ್ಕು ಉಳಿಯುತ್ತದೆ. ಸಿದ್ದಲಿಂಗಯ್ಯನವರು ತೀರಿಕೊಂಡದ್ದು 2021ರಲ್ಲಿ, ಹಕ್ಕು 2081ರ ಕೊನೆಯವರೆಗೆ. ಕುವೆಂಪು ತೀರಿಕೊಂಡದ್ದು 1994ರಲ್ಲಿ, ಅವರ ರೈತಗೀತೆಗೆ 2054ರ ಕೊನೆಯವರೆಗೆ. ಶಿಶುನಾಳ ಶರೀಫರ ತತ್ವಪದ, ಹನ್ನೆರಡನೆಯ ಶತಮಾನದ ವಚನ, ಇವುಗಳಿಗೆ ಯಾರ ಅನುಮತಿಯೂ ಬೇಕಿಲ್ಲ. ಹೆಸರು ಮಾತ್ರ ಅಲ್ಲಿಯೂ ಬೇಕು.

‘ಕವರ್ ಮಾಡಲು ಕಾಯ್ದೆಯಲ್ಲೇ ಪರವಾನಗಿ ಇದೆಯಲ್ಲ’ ಎಂಬ ಮಾತು ಕೇಳಿಬರುತ್ತಿದೆ. ಇದೆ, 2012ರ ತಿದ್ದುಪಡಿಯಲ್ಲಿ ಬಂದ 31ಸಿ ಕಲಂ. ಆದರೆ ಅದನ್ನು ಪೂರ್ತಿ ಓದಿ. ಹಕ್ಕುದಾರರ ಒಪ್ಪಿಗೆಯಿಂದ ಆ ಹಾಡು ಮೊದಲೇ ಒಮ್ಮೆ ಮುದ್ರಣವಾಗಿರಬೇಕು. ಆ ಮೊದಲ ಮುದ್ರಣದ ವರ್ಷ ಮುಗಿದು ಐದು ಕ್ಯಾಲೆಂಡರ್ ವರ್ಷ ಕಳೆದಿರಬೇಕು. ಹದಿನೈದು ದಿನ ಮೊದಲೇ ಹಕ್ಕುದಾರರಿಗೂ ಕೃತಿಸ್ವಾಮ್ಯ ನೋಂದಣಾಧಿಕಾರಿಗೂ ನೋಟಿಸ್ ಹೋಗಬೇಕು. ಹಾಡೊಂದಕ್ಕೆ ವರ್ಷಕ್ಕೆ ಕನಿಷ್ಠ 50,000 ಪ್ರತಿಗಳ ಲೆಕ್ಕದಲ್ಲಿ ಗೌರವಧನ ಮುಂಗಡ ಕಟ್ಟಬೇಕು. ಭಾಷೆಯನ್ನು ನೋಡಿ ಈ ಸಂಖ್ಯೆ ಇಳಿಸುವ ಅಧಿಕಾರ ಕಾಯ್ದೆಯಲ್ಲಿದೆ, ಆದರೆ ಇಳಿಸುವವರು ನೀವಲ್ಲ. ಎಲ್ಲಕ್ಕಿಂತ ಮುಖ್ಯವಾಗಿ, ಹಿಂದೆ ಒಪ್ಪಿಗೆಯಿಂದ ಆಗಿರದ ಬದಲಾವಣೆಯನ್ನು, ಮುದ್ರಣಕ್ಕೆ ತಾಂತ್ರಿಕವಾಗಿ ಅಗತ್ಯವಿದ್ದಷ್ಟನ್ನು ಬಿಟ್ಟು, ಮಾತಿನಲ್ಲಾಗಲಿ ಸಂಗೀತದಲ್ಲಾಗಲಿ ಮಾಡುವಂತಿಲ್ಲ. ಅಂದರೆ ಹಾಡನ್ನು ‘ಮರುರೂಪಿಸುವ’ ಆಲ್ಬಂಗೆ ಈ ಬಾಗಿಲು ತೆರೆಯುವುದೇ ಇಲ್ಲ. ಕವಿ ಬದುಕಿದ್ದರೆ ಅವರ, ಇಲ್ಲದಿದ್ದರೆ ಮನೆಯವರ ಅಥವಾ ಹಕ್ಕು ಪಡೆದ ಪ್ರಕಾಶಕರ ಲಿಖಿತ ಒಪ್ಪಿಗೆಯೇ ದಾರಿ. ರಾಗ ಹಾಕಿದವರು ಬೇರೆಯಾಗಿದ್ದರೆ ಅವರದೂ ಬೇಕು.

ಒಪ್ಪಿಗೆ ಕೇಳುವ ಪತ್ರ ಕಷ್ಟದ್ದಲ್ಲ, ಒಂದು ಪುಟ ಸಾಕು. ಹಾಡಿನ ಮೊದಲ ಸಾಲು, ಎಷ್ಟು ನುಡಿ ಹಾಡುತ್ತೀರಿ, ಯಾವ ಪದ ಬದಲಾಗುತ್ತದೆ ಅಥವಾ ಬದಲಾಗುವುದಿಲ್ಲ, ಸ್ಟ್ರೀಮಿಂಗ್, ಸಿ.ಡಿ., ವೇದಿಕೆ ಇವುಗಳಲ್ಲಿ ಯಾವುದಕ್ಕೆ, ಎಷ್ಟು ವರ್ಷಕ್ಕೆ, ಯಾವ ದೇಶಗಳಿಗೆ, ಹಣ ಎಷ್ಟು ಮತ್ತು ಯಾವಾಗ, ಹೆಸರು ಯಾವ ರೀತಿ ಬರೆಯಬೇಕು ಎಂದು ಬರೆಯಿರಿ. ಅವಧಿ ಬರೆಯದೇ ಬಿಟ್ಟರೆ ಕಾಯ್ದೆ ಅದನ್ನು ಐದು ವರ್ಷವೆಂದೂ, ವ್ಯಾಪ್ತಿ ಬರೆಯದಿದ್ದರೆ ಭಾರತಕ್ಕಷ್ಟೇ ಎಂದೂ ಎಣಿಸುತ್ತದೆ. ಸ್ಟ್ರೀಮಿಂಗ್ ಎಂದರೆ ಎಲ್ಲ ದೇಶಕ್ಕೂ ಹೋಗುವಂಥದ್ದು. ಜಾಹೀರಾತಿಗೂ ಯಾವುದೇ ಪಕ್ಷದ ಚುನಾವಣಾ ಪ್ರಚಾರಕ್ಕೂ ಈ ಮುದ್ರಣ ಕೊಡುವುದಿಲ್ಲ ಎಂಬ ಸಾಲನ್ನು ನೀವೇ ಮುಂದಾಗಿ ಸೇರಿಸಿ. ಹಕ್ಕು ಕೈಬದಲಾದ ಮೇಲೂ ಕೃತಿಯನ್ನು ತಿರುಚಿ ಕವಿಯ ಗೌರವಕ್ಕೆ ಕುಂದು ತಂದರೆ 57ನೇ ಕಲಂ ಪ್ರಕಾರ ಪ್ರಶ್ನಿಸಲು ಬರುತ್ತದೆ, ಕವಿ ಇಲ್ಲದಾಗ ಅವರ ಮನೆಯವರೂ ಪ್ರಶ್ನಿಸಬಹುದು. ಇನ್ನೊಂದು ಮಾತು: ನಮ್ಮ ಎಷ್ಟೋ ಹೋರಾಟದ ಕವಿಗಳು ಹಾಡುಗಳ ಗೌರವಧನ ಸಂಗ್ರಹಿಸಿ ಹಂಚುವ ಸಂಸ್ಥೆಯಾದ ಐಪಿಆರ್‌ಎಸ್ ಸದಸ್ಯರಾಗಿಲ್ಲ. ಅಲ್ಲಿಂದ ಅವರಿಗೆ ಹಣ ತಾನಾಗಿ ಬರುತ್ತದೆ ಎಂದುಕೊಳ್ಳಬೇಡಿ, ನೇರವಾಗಿ ಕೊಡಿ.

ನಿಜವಾಗಿ ಜನಪದವಾದ ಹಾಡುಗಳಿಗೂ ‘ಜನಪದ’ ಎಂಬ ಒಂದೇ ಪದ ಸಾಲದು. ಮಂಟೇಸ್ವಾಮಿ ಕಾವ್ಯದಲ್ಲಿ ಸಿದ್ದಪ್ಪಾಜಿ ಹಲಗೂರಿನ ಪಾಂಚಾಳರ ಬಳಿ ಕಬ್ಬಿಣದ ಭಿಕ್ಷಕ್ಕೆ ಹೋಗುವ ಸಾಲನ್ನು ಒಂದೆರಡು ತಂಡಗಳಾದರೂ ಕೈಗೆತ್ತಿಕೊಳ್ಳಬೇಕೆಂಬುದು ನಮ್ಮ ಆಸೆ. ಉಳ್ಳವರ ಬಾಗಿಲಲ್ಲಿ ನಿಂತು ಕೇಳುವ ಅಷ್ಟು ದೊಡ್ಡ ಹಾಡು ಮಳವಳ್ಳಿ ತಾಲ್ಲೂಕಿನ ನೆಲದಲ್ಲೇ ಇದೆ. ಅದನ್ನು ರಾತ್ರಿಯಿಡೀ ಹಾಡುವ ನೀಲಗಾರರಿದ್ದಾರೆ, ತಂಬೂರಿ, ಡಕ್ಕೆ, ಗಗ್ಗರ ಅವರ ಕೈಯಲ್ಲಿವೆ. ಯಾರ ಬಾಯಿಂದ ಕಲಿತಿರೋ ಆ ಗಾಯಕರ ಹೆಸರು, ಊರು, ಯಾವ ಸಾಲು ಎಂಬುದು ಆಲ್ಬಂನಲ್ಲಿ ಬರಬೇಕು. ಅವರ ದನಿಯನ್ನೇ ಹಳೆಯ ಕ್ಯಾಸೆಟ್ಟಿನಿಂದ ತುಂಡರಿಸಿ ಹಾಕಿಕೊಳ್ಳುವುದಾದರೆ ಕಲಾವಿದರ ಹಕ್ಕು ಐವತ್ತು ವರ್ಷ, ಮುದ್ರಣದ ಹಕ್ಕು ಅರವತ್ತು ವರ್ಷ ಇರುತ್ತದೆ. ಹಾಡು ಹಳೆಯದೆಂದು ಆ ದನಿ ಬಿಟ್ಟಿಯಾಗುವುದಿಲ್ಲ.

ಇನ್ನು ಹಾಡಿನ ಮಾತು. ಫೋನಿನ ವಿಡಿಯೊದಿಂದ ಕಿವಿಗೆ ಬಿದ್ದಷ್ಟನ್ನು ಬರೆದುಕೊಂಡರೆ ‘ಳ’ ಹೋಗಿ ‘ಲ’ ಆಗುತ್ತದೆ, ಒತ್ತಕ್ಷರ ಜಾರುತ್ತದೆ. ಮೊದಲು ಅಚ್ಚಾದ ಪುಸ್ತಕ ಹುಡುಕಿ. ಆಮೇಲೆ ಆ ಹಾಡನ್ನು ಬಹಳ ಕಾಲದಿಂದ ಹಾಡುತ್ತಿರುವ ಕನಿಷ್ಠ ಇಬ್ಬರ ಬಾಯಿಂದ ಕೇಳಿ. ಪುಸ್ತಕಕ್ಕೂ ಬಾಯಿಗೂ ಹೊಂದದ ಕಡೆ ಎರಡನ್ನೂ ಬರೆದಿಟ್ಟು, ಯಾವುದನ್ನು ಹಾಡಿದಿರೆಂದು ಹೇಳಿ. ಊರಿನ ಹೆಸರು, ಆಯಾ ಕಾಲದ ಮಂತ್ರಿಯ ಹೆಸರು ಬದಲಿಸಿ ಹಾಡುವ ರೂಢಿ ಈ ಹಾಡುಗಳಲ್ಲಿ ಮೊದಲಿನಿಂದ ಇದೆ, ಅದಕ್ಕೆ ನಮ್ಮ ತಕರಾರಿಲ್ಲ. ತಕರಾರಿರುವುದು ಮಾತನ್ನು ‘ತಿದ್ದುವ’ ಬಗ್ಗೆ. ನಮ್ಮ ಸೀಮೆಯ ‘ಬತ್ತೀವಿ’ ಐದು ಮಾತ್ರೆ. ಅದನ್ನು ಶಿಷ್ಟವಾಗಿ ‘ಬರುತ್ತೇವೆ’ ಎಂದರೆ ಆರಾಗುತ್ತದೆ. ಒಂದು ಮಾತ್ರೆ ಹೆಚ್ಚಿದ ಕೂಡಲೇ ಮುಂದಿನ ಪದ ಏಟಿನಿಂದ ಜಾರುತ್ತದೆ, ಜಾರಿದ್ದನ್ನು ಹಿಡಿಯಲು ಇನ್ನೊಂದು ಪದ ಕತ್ತರಿಸುತ್ತೀರಿ. ಆ ಭಾಷೆ ಕವಿಗೆ ವ್ಯಾಕರಣ ಬಾರದೆ ಬಂದದ್ದಲ್ಲ, ಯಾರ ಬಾಯಿಂದ ಹಾಡು ಬರಬೇಕೆಂದು ಅವರು ಯೋಚಿಸಿ ಇಟ್ಟದ್ದು.

ತಾಳದಲ್ಲಿ ಆಗುವ ಹಾನಿ ಇದಕ್ಕೆ ಅಂಟಿಕೊಂಡೇ ಇದೆ. ಕನ್ನಡದಲ್ಲಿ ಒತ್ತು ಬೀಳುವುದು ಪದದ ಮೊದಲ ಅಕ್ಷರಕ್ಕೆ. ರಾಕ್‌ನಲ್ಲಿ ಸಾಲನ್ನು ಏಟಿಗಿಂತ ಅರ್ಧ ಮುಂಚೆ ಎತ್ತುವ ಅಭ್ಯಾಸವಿದೆ. ಹಾಗೆ ಎತ್ತಿದರೆ ಮೊದಲ ಅಕ್ಷರ ಏಟಿಗೆ ಮೊದಲೇ ಹೋಗಿ ಎರಡನೆಯದರ ಮೇಲೆ ಭಾರ ಬೀಳುತ್ತದೆ, ಕನ್ನಡ ಗೊತ್ತಿಲ್ಲದವರು ಕನ್ನಡ ಓದಿದಂತೆ ಕೇಳಿಸುತ್ತದೆ. ರಾಗಕ್ಕಾಗಿ ಹ್ರಸ್ವವನ್ನು ಎಳೆದರೆ ಅರ್ಥವೇ ಹೋಗುತ್ತದೆ: ‘ಬಿಡು’ ‘ಬೀಡು’ ಆಗುತ್ತದೆ, ‘ನಡು’ ‘ನಾಡು’ ಆಗುತ್ತದೆ. ಡ್ರಮ್ಸಿನ ಸ್ನೇರ್ ಎರಡು ಮತ್ತು ನಾಲ್ಕನೇ ಏಟಿಗೆ ಬೀಳಲಿ, ತೊಂದರೆಯಿಲ್ಲ. ಮಾತಿನ ಮೊದಲ ಅಕ್ಷರ ಒಂದನೇ ಏಟಿಗೆ ಕೂರಲಿ. ಮೂರು ಮಾತ್ರೆಯ ಗಣದಲ್ಲಿ ಕಟ್ಟಿದ ಹಾಡನ್ನು 4/4ಕ್ಕೆ ಹಿಗ್ಗಿಸಿದರೆ ಪ್ರತಿ ಗಣದಲ್ಲೂ ಒಂದು ಲಘು ಗುರುವಾಗಲೇಬೇಕು. ರಾಕ್‌ನಲ್ಲಿ ಮೂರರ ನಡೆಯ 6/8, 12/8 ಎರಡೂ ಇವೆ, ಅವನ್ನು ಬಳಸಿ. ಗಿಟಾರು ಮುಟ್ಟುವ ಮೊದಲು ಸಾಲನ್ನು ಚಪ್ಪಾಳೆಗೆ ಸುಮ್ಮನೆ ಹೇಳಿ ನೋಡಿದರೆ ಎಲ್ಲಿ ತೊಡರುತ್ತದೆ ಎಂಬುದು ಗೊತ್ತಾಗುತ್ತದೆ.

ವೇಗವನ್ನೂ ಹೀಗೆಯೇ ಎಣಿಸಬೇಕು. ಮನುಷ್ಯರ ಸಾಮಾನ್ಯ ನಡಿಗೆ ನಿಮಿಷಕ್ಕೆ ನೂರು ಹೆಜ್ಜೆಯ ಆಸುಪಾಸು, ಗುಂಪಾಗಿ ನಡೆದರೆ ಇನ್ನೂ ಕಡಿಮೆ. ಜಾಥಾದ ಹಾಡು ಆ ಹೆಜ್ಜೆಗೆ ಹುಟ್ಟಿದ್ದು. ಅರ್ಧ ಏಟಿಗೊಂದು ಅಕ್ಷರವೆಂದರೆ ನೂರರ ವೇಗದಲ್ಲಿ ಸೆಕೆಂಡಿಗೆ ಮೂರಕ್ಕೆ ಸ್ವಲ್ಪ ಹೆಚ್ಚು, ನಾಲಿಗೆಗೆ ಸಲೀಸು. ಅದನ್ನೇ 160ಕ್ಕೆ ಏರಿಸಿದರೆ ಸೆಕೆಂಡಿಗೆ ಐದು ದಾಟುತ್ತದೆ. ಅಭ್ಯಾಸವಿರುವ ಒಬ್ಬ ಗಾಯಕ ಹೇಳಿಯಾನು, ಇನ್ನೂರು ಜನ ಒಟ್ಟಿಗೆ ಹೇಳಲಾರರು. ಶ್ರುತಿಯದೂ ಅದೇ ಕಥೆ. ಗಿಟಾರಿಗೆ ಇ, ಅಂದರೆ ಹಾರ್ಮೋನಿಯಂ ಲೆಕ್ಕದ ಮೂರನೇ ಮನೆ, ಕೈಗೆ ಸುಲಭ. ಆದರೆ ಹಾಡಿನ ಅತಿ ಎತ್ತರದ ಸ್ವರ ಎಲ್ಲಿಗೆ ಹೋಗುತ್ತದೆ ಎಂದು ನೋಡದೆ ಮನೆ ಆರಿಸಬೇಡಿ. ಹೆಂಗಸರೂ ಗಂಡಸರೂ ಕೂಡಿ ಹಾಡುವಾಗ ಸ್ಥಾಯಿ ಬಿಟ್ಟು ಸ್ಥಾಯಿಯಲ್ಲಿ ಒಂದೇ ರಾಗ ಹಿಡಿಯುತ್ತಾರೆ, ಹಿಮ್ಮೇಳದ ಸಾಲು ಒಂದು ಸ್ಥಾಯಿಯೊಳಗೆ ಮುಗಿದರೆ ಎಲ್ಲರಿಗೂ ದಕ್ಕುತ್ತದೆ. ಹೊಂದದಿದ್ದರೆ ಶ್ರುತಿ ಏರಿಸುವ ಕೇಪೋ ಹಾಕಿ, ಇಲ್ಲವೇ ತಂತಿ ಅರ್ಧ ಮನೆ ಇಳಿಸಿ.

ಸ್ವರಮೇಳದ ಬಗ್ಗೆ ಒಂದೇ ಮಾತು. ಮೇಜರ್ ಅಥವಾ ಮೈನರ್ ಕಾರ್ಡು ಹಿಡಿದ ತಕ್ಷಣ ಗಾಂಧಾರ ಯಾವುದೆಂದು ನೀವು ತೀರ್ಮಾನಿಸಿಬಿಟ್ಟಿರಿ ಎಂದರ್ಥ, ಹಾಡುವವರ ಗಾಂಧಾರ ಬೇರೆಯಿದ್ದರೆ ಎರಡೂ ತಿಕ್ಕಾಡುತ್ತವೆ. ಪವರ್ ಕಾರ್ಡಿನಲ್ಲಿ ಷಡ್ಜ, ಪಂಚಮ ಮಾತ್ರ. ನಮ್ಮ ರಾಗಗಳಿಗೆ ಅದು ತಂಬೂರಿಯಂತೆ ಹೊಂದುತ್ತದೆ. ರಾಕ್ ಸಂಗೀತಕ್ಕೂ ಈ ಹಾಡುಗಳಿಗೂ ನಿಜವಾದ ನಂಟು ಇರುವುದು ಅಲ್ಲಿ ಎಂದು ನಮಗನ್ನಿಸುತ್ತದೆ.

ತಮಟೆಯನ್ನು ಆಲ್ಬಂನಲ್ಲಿ ಸೇರಿಸಿಕೊಂಡವರಿಗೆ ಮೊದಲು ಧನ್ಯವಾದ. ಆದರೆ ಸದ್ದು ಮಂಕಾಗಿ ಬಂದಿದೆ, ಅದಕ್ಕೆ ಕಾರಣವಿದೆ. ಚರ್ಮದ ತಮಟೆಗೆ ತಿರುಪು ಬಿಗಿಯುವ ವ್ಯವಸ್ಥೆಯಿಲ್ಲ, ಅದರ ಶ್ರುತಿ ಇರುವುದು ಬೆಂಕಿಯಲ್ಲಿ. ಒಣಹುಲ್ಲಿನ ಉರಿಗೆ ಹಿಡಿದು ಕಾಯಿಸಿದರೆ ಚರ್ಮದ ತೇವ ಹೋಗಿ ಬಿಗಿಯುತ್ತದೆ, ಸದ್ದು ಏರುತ್ತದೆ. ಎಸಿ ಕೋಣೆಗೆ ತಂದು, ಹೆಡ್‌ಫೋನ್ ಹೊಂದಿಸಿ, ಲೆವೆಲ್ ನೋಡುವಷ್ಟರಲ್ಲಿ ತಣ್ಣಗಾಗಿ ಸಡಿಲವಾಗುತ್ತದೆ. ಆಗ ನೀವು ಕಂಪ್ಯೂಟರಿನಲ್ಲಿ ತೆಳು ಸದ್ದನ್ನು ಹೆಚ್ಚಿಸಲು ಹೋಗುತ್ತೀರಿ. ಹೆಚ್ಚುವುದು ಕೋಣೆಯ ಗದ್ದಲ ಅಷ್ಟೆ. ಎಸಿ ನಿಲ್ಲಿಸಿ. ಒಬ್ಬ ವಾದಕರಿಗೆ ಎರಡು ತಮಟೆ ಇರಲಿ: ಒಂದು ಬಾರಿಸುವಾಗ ಇನ್ನೊಂದು ಹೊರಗೆ ಉರಿಗೆ ಕಾಯುತ್ತಿರಲಿ. ಒಳಗೆ ಬೆಂಕಿ ಕೂಡದು, ಹೊರಗೆ ಹುಲ್ಲು ಹಾಕಲೂ ಜಾಗವಿಲ್ಲದಿದ್ದರೆ ಕರೆಂಟಿನ ಹೀಟರ್ ಎದುರು ಒಂದು ಮೊಳ ದೂರದಲ್ಲಿ ತಿರುಗಿಸುತ್ತಾ ಹಿಡಿಯಿರಿ. ತೀರ ಹತ್ತಿರ ಹಿಡಿದರೆ ಒಂದೇ ಕಡೆ ಒಣಗಿ ಚರ್ಮ ಬಿರಿಯುತ್ತದೆ.

ತಮಟೆಯ ಎರಡು ಕೋಲಿಗೆ ಎರಡು ಸದ್ದು: ದಪ್ಪ ಕೋಲಿನ ಗುಮ್ಮು, ತೆಳು ಕೋಲಿನ ಚಟಚಟ. ಚರ್ಮಕ್ಕೆ ನೇರ ಒಂದೇ ಮೈಕಿಟ್ಟರೆ ಗುಮ್ಮು ಮಾತ್ರ ಬರುತ್ತದೆ. ಒಂದು ಡೈನಮಿಕ್ ಮೈಕನ್ನು ಒಂದಡಿ ಒಂದೂವರೆ ಅಡಿ ದೂರದಲ್ಲಿ ಓರೆಯಾಗಿಡಿ, ಇನ್ನೊಂದು ಜೋಡಿಯನ್ನು ಆರೆಂಟು ಅಡಿ ಹಿಂದೆ. ಏಟಿನ ತುದಿ ಮೀಟರಿನಲ್ಲಿ −12ರ ಹತ್ತಿರ ನಿಲ್ಲಲಿ, ಏಕೆಂದರೆ ಗತ್ತು ಏರಿದಾಗ ತಮಟೆಯವರು ನಿಮಗೆ ಹೇಳಿ ಏರಿಸುವುದಿಲ್ಲ. ಮೆಲು ಸದ್ದನ್ನು ಕತ್ತರಿಸುವ ಗೇಟ್ ಹಾಕಿದರೆ ತೆಳು ಕೋಲಿನ ಸಣ್ಣ ಏಟುಗಳು ಸತ್ತೇಹೋಗುತ್ತವೆ, ಹಾಕಬೇಡಿ. ಒಂದೇ ವೇಗಕ್ಕೆ ಬಡಿಯುವ ಕ್ಲಿಕ್ಕಿಗೆ ತಮಟೆಯನ್ನು ಕಟ್ಟಿಹಾಕುವುದು ಇನ್ನೂ ದೊಡ್ಡ ತಪ್ಪು. ನುಡಿಯಿಂದ ನುಡಿಗೆ ವೇಗ ತುಸು ಏರುವುದು ಆ ವಾದನದ ಗುಣ. ಮೊದಲು ತಮಟೆ ಮತ್ತು ಒಂದು ದನಿಯನ್ನು ಕ್ಲಿಕ್ ಇಲ್ಲದೆ ಮುದ್ರಿಸಿ, ಅದರ ಮೇಲೆ ವೇಗದ ಏರಿಳಿತ ಗುರುತಿಸುವ ಟೆಂಪೊ ಮ್ಯಾಪ್ ಮಾಡಿ, ಆಮೇಲೆ ಡ್ರಮ್ಸು ಅದನ್ನು ಹಿಂಬಾಲಿಸಲಿ. ಇಂಜಿನಿಯರಿಗೆ ಅರ್ಧ ದಿನದ ಕೆಲಸ ಹೆಚ್ಚುತ್ತದೆ, ನಿಜ. ಮಾಡಿ.

ಹಿಮ್ಮೇಳವನ್ನು ನಾಲ್ಕು ಜನ ಎಂಟು ಸಲ ಹಾಡಿ ಒಂದರ ಮೇಲೊಂದು ಪೇರಿಸಿದರೆ ಮೂವತ್ತೆರಡು ಜನ ಆಗುವುದಿಲ್ಲ. ಅದೇ ನಾಲ್ಕು ಗಂಟಲು, ಅದೇ ಉಸಿರು, ಅದೇ ಗೋಡೆ. ನಿಜವಾದ ಗುಂಪಿನಲ್ಲಿ ಒಬ್ಬರು ಚೂರು ಮುಂದೆ, ಒಬ್ಬರು ಚೂರು ಹಿಂದೆ, ಒಬ್ಬರ ಶ್ರುತಿ ತುಸು ಏರು. ಜನ ಎಂದು ಕಿವಿ ಗುರುತಿಸುವುದು ಆ ಹರಡುವಿಕೆಯಿಂದ. ಹದಿನೈದು ಇಪ್ಪತ್ತು ಮಂದಿಯನ್ನು ಒಂದು ಅಂಗಳದಲ್ಲಿ ಅರ್ಧ ವೃತ್ತವಾಗಿ ನಿಲ್ಲಿಸಿ, ತಮಟೆ ಮತ್ತು ಶ್ರುತಿಯನ್ನಷ್ಟೇ ಒಂದು ಸಣ್ಣ ಸ್ಪೀಕರಿನಲ್ಲಿ ಮೆಲ್ಲಗೆ ಕೇಳಿಸಿ, ಎರಡು ಮೈಕು, ಮೂರು ಟೇಕು. ಶ್ರುತಿ ತಿದ್ದುವ ಸಾಫ್ಟ್‌ವೇರನ್ನು ಈ ಟ್ರ್ಯಾಕಿಗೆ ತಾಕಿಸಬೇಡಿ. ಹಾಡಿನ ಕಟ್ಟಡದಲ್ಲೂ ಅವರಿಗೆ ಜಾಗ ಬಿಡಿ: ಸೊಲ್ಲು ಎತ್ತಿದ ಮೇಲೆ ಅಷ್ಟೇ ಉದ್ದದ ಸಾಲು ಹಿಮ್ಮೇಳದ್ದು, ಅಲ್ಲಿ ಗಿಟಾರು ತಾಳವನ್ನಷ್ಟೇ ಹಿಡಿದಿರಲಿ. ಸೋಲೋ ಬೇಕಿದ್ದರೆ ಕೊನೆಯ ನುಡಿ ಮುಗಿದ ಮೇಲೆ ಎಷ್ಟು ಹೊತ್ತಾದರೂ ನುಡಿಸಿ.

ಮಿಕ್ಸ್ ಮಾಡುವಾಗ ನೆನಪಿಡಬೇಕಾದದ್ದು, ಡಿಸ್ಟಾರ್ಷನ್ ಹಾಕಿದ ಗಿಟಾರಿನ ಮೊನಚು ಮತ್ತು ನಮ್ಮ ವ್ಯಂಜನಗಳ ಸ್ಪಷ್ಟತೆ ಎರಡೂ ಸುಮಾರು 2ರಿಂದ 4 ಕಿಲೋಹರ್ಟ್ಸ್ ಜಾಗದಲ್ಲೇ ಇವೆ. ದನಿಯ ಫೇಡರ್ ಏರಿಸುವುದಕ್ಕಿಂತ ಅಲ್ಲಿ ಗಿಟಾರನ್ನು ಎರಡು ಮೂರು ಡೆಸಿಬೆಲ್ ತಗ್ಗಿಸಿದರೆ ಮಾತು ತಾನಾಗಿ ಮುಂದೆ ಬರುತ್ತದೆ. ಜೋರಾಗಿಸುವ ಪೈಪೋಟಿಯೂ ಬೇಡ. ಸ್ಪಾಟಿಫೈ, ಯೂಟ್ಯೂಬ್‌ಗಳು ಕಿವಿಗೆ ಕೇಳುವ ಜೋರನ್ನು ಅಳೆಯುವ ಮಾನದಲ್ಲಿ ಸುಮಾರು −14 ಎಲ್‌ಯುಎಫ್‌ಎಸ್ ಮಟ್ಟಕ್ಕೆ ಸದ್ದು ಇಳಿಸುತ್ತವೆ. −8ಕ್ಕೆ ಅದುಮಿ ಕೊಟ್ಟ ಹಾಡು ಅಲ್ಲಿ ಜೋರಾಗುವುದಿಲ್ಲ, ಅದುಮಿದ್ದಷ್ಟೇ ಉಳಿಯುತ್ತದೆ, ತಮಟೆಯ ಏಟು ಚಪ್ಪಟೆಯಾಗಿರುತ್ತದೆ. ಹಾಡನ್ನು ಕನ್ನಡ ಬಲ್ಲ, ಆದರೆ ಈ ಹಾಡು ಕೇಳಿರದ ಒಬ್ಬರಿಗೆ ಫೋನಿನ ಸ್ಪೀಕರಿನಲ್ಲಿ ಒಂದೇ ಸಲ ಕೇಳಿಸಿ. ಪಲ್ಲವಿಯ ಮಾತು ಅವರು ತಿರುಗಿ ಹೇಳಲಾಗದಿದ್ದರೆ ಮಿಕ್ಸ್ ಮುಗಿದಿಲ್ಲ.

ನಮ್ಮನ್ನು ಈ ಪತ್ರ ಬರೆಯುವಂತೆ ಮಾಡಿದ ಕೊನೆಯ ಸಂಗತಿ, ಹಕ್ಕಿನ ದಾವೆ. ಆಲ್ಬಂ ಅಪ್ಲೋಡ್ ಮಾಡುವಾಗ ವಿತರಕರ ಅರ್ಜಿಯಲ್ಲಿ ಯೂಟ್ಯೂಬಿನ ಕಂಟೆಂಟ್ ಐಡಿ (ಹಾಡಿಗೆ ಹೋಲುವ ವಿಡಿಯೊಗಳನ್ನು ಯಂತ್ರವೇ ಹುಡುಕಿ ಹಕ್ಕು ಕೇಳುವ ವ್ಯವಸ್ಥೆ) ಬೇಕೇ ಎಂಬ ಒಂದು ಚೌಕ ಇರುತ್ತದೆ. ಬೇಕೆಂದು ಗುರುತು ಹಾಕಿದರೆ ನಿಮ್ಮ ಮುದ್ರಣ ಯಂತ್ರಕ್ಕೆ ಮೂಲವಾಗುತ್ತದೆ. ಆಮೇಲೆ ಅದೇ ರಾಗವನ್ನು ಸಭೆಯೊಂದರಲ್ಲಿ ಹಾಡಿದ ತಂಡದ ವಿಡಿಯೊದ ಮೇಲೂ ಯಂತ್ರ ದಾವೆ ಹೂಡಬಹುದು. ಆ ಹಾಡನ್ನು ನಿಮಗಿಂತ ಮೊದಲಿನಿಂದ ಹಾಡಿಕೊಂಡು ಬಂದವರು ನಿಮ್ಮನ್ನು ನಕಲು ಮಾಡಿದವರಾಗಿಬಿಡುತ್ತಾರೆ. ಅವರು ಆಕ್ಷೇಪ ಹಾಕಿದರೆ ಉತ್ತರಕ್ಕೆ ದಾವೆದಾರರಿಗೆ 30 ದಿನ ಸಮಯವಿದೆ, ಹಳ್ಳಿಯ ತಂಡಕ್ಕೆ ಇಂಗ್ಲಿಷಿನ ಆ ನೋಟಿಸು ಓದಿ ತಿಳಿಸುವವರೂ ಇರುವುದಿಲ್ಲ. ನಿಮ್ಮೊಬ್ಬರದೇ ಹಕ್ಕಿರದ ರಾಗಕ್ಕೆ ಆ ಚೌಕದಲ್ಲಿ ಗುರುತು ಹಾಕಲೇಬೇಡಿ. ಈಗಾಗಲೇ ಹಾಕಿದ್ದರೆ ವಿತರಕರಿಗೆ ಬರೆದು ತೆಗೆಸಿ, ಬಿದ್ದಿರುವ ದಾವೆಗಳನ್ನು ಬಿಡಿಸಿ.

ಜನರ ಹಾಡಿನ ಮೇಲೆ ಹಕ್ಕು ಕೂತರೆ ಏನಾಗುತ್ತದೆ ಎಂಬುದಕ್ಕೆ ‘ವಿ ಶಲ್ ಓವರ್‌ಕಮ್’ ಸಾಕ್ಷಿ. ಚರ್ಚಿನ ಹಾಡಿನಿಂದ ಬೆಳೆದು, ನಲವತ್ತರ ದಶಕದಲ್ಲಿ ಅಮೆರಿಕದ ಚಾರ್ಲ್‌ಸ್ಟನ್ನಿನ ತಂಬಾಕು ಕಾರ್ಮಿಕರ ಮುಷ್ಕರದಲ್ಲಿ ಹೋರಾಟದ ಹಾಡಾಗಿ, ಅರವತ್ತರ ದಶಕದ ಆರಂಭದಲ್ಲಿ ಗಾಯಕ ಪೀಟ್ ಸೀಗರ್ ಮೊದಲಾದವರ ಹೆಸರಿಗೆ ನೋಂದಣಿಯಾಯಿತು. ಬಂದ ಹಣ ಕಪ್ಪು ಸಮುದಾಯದ ಕೆಲಸಗಳಿಗೆಂದು ಒಂದು ನಿಧಿಗೆ ಹೋಗುತ್ತಿತ್ತು. ಉದ್ದೇಶ ಒಳ್ಳೆಯದಿದ್ದರೂ ಆ ಹಾಡು ಎಲ್ಲರಿಗೂ ಸೇರಿದ್ದೆಂದು ಆಗಲು 2016ರಲ್ಲಿ ಮೊಕದ್ದಮೆ ಹೂಡಿ 2018ರವರೆಗೆ ಕಾಯಬೇಕಾಯಿತು. ಆ ಹಾಡಿನ ಕನ್ನಡ ರೂಪವನ್ನು ನಮ್ಮ ಶಾಲೆಯ ಮಕ್ಕಳೂ ಹಾಡುತ್ತಾರೆ.

ಆದ್ದರಿಂದ ನಮ್ಮ ಕೋರಿಕೆಗಳು ಹೀಗಿವೆ. ಪ್ರತಿ ಹಾಡಿಗೂ ಕವಿ, ರಾಗ ಹಾಕಿದವರು, ಕಲಿಸಿದವರು, ತಮಟೆ ಬಾರಿಸಿದವರು, ಹಿಮ್ಮೇಳದ ಪ್ರತಿಯೊಬ್ಬರ ಹೆಸರು ಇರಲಿ. ವಿತರಕರ ಅರ್ಜಿಯ ‘ಲಿರಿಸಿಸ್ಟ್’ ಜಾಗದಲ್ಲಿ ಕವಿಯ ಹೆಸರನ್ನು ಎಲ್ಲ ಹಾಡಿಗೂ ಒಂದೇ ಕಾಗುಣಿತದಲ್ಲಿ ಬರೆಯಿರಿ, ಮೂರು ಬಗೆಯಾಗಿ ಬರೆದರೆ ಯಂತ್ರದ ಲೆಕ್ಕದಲ್ಲಿ ಒಬ್ಬ ಕವಿ ಮೂವರಾಗುತ್ತಾರೆ. ತಮಟೆಯವರಿಗೆ ನಿಮ್ಮ ಡ್ರಮ್ಮರಿಗೆ ಕೊಡುವಷ್ಟೇ ದಿನದ ಸಂಭಾವನೆ, ಬರಹದಲ್ಲಿ ಒಪ್ಪಂದ. ಆಲ್ಬಂನಲ್ಲಿ ಎಂಟು ಹಾಡಿದ್ದರೆ ಎಂಟರದ್ದೂ ಒಂದೊಂದು ಬರಿ ಮುದ್ರಣವನ್ನು, ಎಲ್ಲ ನುಡಿಗಳೂ ಇರುವಂತೆ, ದನಿ ಮತ್ತು ತಮಟೆ ಮಾತ್ರ ಇಟ್ಟು, ಅದೇ ಆಲ್ಬಂನ ಕೊನೆಯಲ್ಲಿ ಸೇರಿಸಿ. ಹೇಗೂ ಟೆಂಪೊ ಮ್ಯಾಪಿಗೆಂದು ಅದನ್ನು ಮೊದಲೇ ಮುದ್ರಿಸಿರುತ್ತೀರಿ, ಹೆಚ್ಚಿನ ಖರ್ಚಿಲ್ಲ. ಅದೊಂದು ಇದ್ದರೆ ನಿಮ್ಮ ರಾಕ್ ರೂಪ ಎಷ್ಟು ಬೇಕಾದರೂ ದೂರ ಹೋಗಬಹುದು, ಕೇಳುವವರಿಗೆ ಪಕ್ಕದಲ್ಲಿಡಲು ಮೂಲ ಸಿಕ್ಕಿತಲ್ಲ. ಅದರ ಒಂದು ಪ್ರತಿಯನ್ನು, ಹಾಡಿನ ಪೂರ್ತಿ ಪಠ್ಯದೊಂದಿಗೆ, ಮಾನಸಗಂಗೋತ್ರಿಯ ಕನ್ನಡ ಅಧ್ಯಯನ ಸಂಸ್ಥೆಗೆ ಕೊಡಿ. ಕೊಟ್ಟದ್ದನ್ನು ಪಟ್ಟಿ ಮಾಡಿ, ಕೇಳಿದವರಿಗೆ ಸಿಗುವಂತೆ ಇಡಬೇಕೆಂದು ಸಂಸ್ಥೆಯವರಲ್ಲೂ ಈ ಮೂಲಕ ವಿನಂತಿಸುತ್ತೇವೆ.

ಬಿಡುಗಡೆಗೆ ಮೊದಲು, ಮಿಕ್ಸ್ ಇನ್ನೂ ತಿದ್ದಲು ಸಾಧ್ಯವಿರುವಾಗಲೇ, ಒಂದು ಸಂಜೆ ಸಣ್ಣ ಆಂಪ್ಲಿಫಯರ್ ಒಂದನ್ನು ತೆಗೆದುಕೊಂಡು ಈ ಹಾಡುಗಳನ್ನು ಹಾಡುವವರು ಸೇರುವ ಕಡೆಗೆ ಬನ್ನಿ. ಮೈಸೂರಾದರೂ ಸರಿ, ಮದ್ದೂರು ಮಳವಳ್ಳಿಯಾದರೂ ಸರಿ, ಜಾಗ ನಾವು ನೋಡುತ್ತೇವೆ. ಪ್ರತಿ ಹಾಡಿನ ಸೊಲ್ಲು ಎರಡು ಸಲ ಎತ್ತಿ. ಎರಡನೇ ಸಲಕ್ಕೆ ಹಿಮ್ಮೇಳ ಏಳದಿದ್ದರೆ ಒಂದು ಮನೆ ಇಳಿಸಿ, ವೇಗ ಹತ್ತು ಕಡಿಮೆ ಮಾಡಿ, ಮತ್ತೆ ಎತ್ತಿ. ತಮಟೆಗೆ ಒಣಹುಲ್ಲು ನಾವು ತರುತ್ತೇವೆ.

ಇತಿ ತಮ್ಮ ವಿಶ್ವಾಸಿಗಳು,
ಹಿಮ್ಮೇಳದವರು, ತಮಟೆಯವರು, ಧ್ವನಿಮುದ್ರಣದ ಕೆಲಸಗಾರರು
ಮೈಸೂರು ಮತ್ತು ಮಂಡ್ಯ